ಕರಿ ಲೀಡರ್ ಗೀಚಿ ಮಾಡೋ 16 ಎಂಎಂ ಚಿತ್ರ: ಕಲಬುರಗಿ ಬಿಸಿಲು, ಬೋರ್ ನೀರು, ಉಳಿದ ತಕರಾರು

ಎರೆಹೊಲ_ಕಲಬುರಗಿ
ಕ್ಯಾಮರಾ ಇಲ್ಲದೆ, ಫಿಲ್ಮಿನ ಮೈಮ್ಯಾಲೇ ಗೀಚಿ, ಬಣ್ಣ ಬಳಿದು ಮಾಡೋ ಚಿತ್ರ. ಎರಡೂವರೆ ನಿಮಿಷದ್ದು, ಸಣ್ಣ ಗ್ಯಾಲರಿ ಕೋಣ್ಯಾಗ ತೋರಿಸೋದದ. ಸಾಮಾನು ಇಷ್ಟು: 16 ಎಂಎಂ ಕರಿ ಲೀಡರ್ (ಚಿತ್ರ ಇಲ್ಲದ ಕಪ್ಪು ಫಿಲ್ಮ್) 100 ಅಡಿ, ಖಾಲಿ ಪಾರದರ್ಶಕ ಲೀಡರ್ 50 ಅಡಿ, ನೀಲಿ ಬೆಳಕಿಗಷ್ಟೇ ಸ್ಪಂದಿಸೋ ಕಪ್ಪು-ಬಿಳುಪು ಪ್ರಿಂಟ್ ಸ್ಟಾಕ್ (ಪ್ರತಿ ತಗೀಲಿಕ್ಕ ಬಳಸೋ ಹಸಿ ಫಿಲ್ಮ್) 100 ಅಡಿ, ಗುಜರಿಯೊಳಗಿಂದ ಬಂದ 35 ಎಂಎಂ ಕಲರ್ ಪ್ರಿಂಟಿನ ಎರಡು ತುಂಡು. ಲ್ಯಾಬ್ ಇಲ್ಲ, ಡೆವಲಪ್ ಮನ್ಯಾಗೇ ಆಗ್ಬೇಕು. ಮಧ್ಯಾಹ್ನ ಮ್ಯಾಲಿನ ಟಾಕಿ ನೀರು 36 ಡಿಗ್ರಿ ಇರ್ತದ, ಬೋರ್ ನೀರು ಗಡಸು. ಗೀಚೋದು, ಡೆವಲಪ್ ಮಾಡೋದು, ತೋರಿಸೋದು, ಮೂರಕ್ಕೂ ಪಕ್ಕಾ ಅಳತಿ ಬೇಕಾಗ್ಯಾವ. ಬೀದರ್ ಹೂಬಳ್ಳಿಯನ್ನ ಫ್ರೇಮಿಗೊಂದರಂಗ ಗೀಚಬೇಕಂತ ವಿಚಾರ ಅದ.

ಇಪ್ಪತ್ನಾಲ್ಕು_ಫ್ರೇಮ್
ಮೊದಲು ಲೆಕ್ಕ. 16 ಎಂಎಂನಲ್ಲಿ ಅಡಿಗೆ 40 ಫ್ರೇಮ್. 100 ಅಡಿಗೆ 4000 ಫ್ರೇಮ್, ಸೆಕೆಂಡಿಗೆ 24ರಂತೆ ಓಡಿದರೆ 2 ನಿಮಿಷ 46 ಸೆಕೆಂಡ್. ಫಿಲ್ಮಿನ ಅಂಚಿನ ಒಂದು ತೂತಿನಿಂದ ಮುಂದಿನ ತೂತಿಗೆ 7.62 ಮಿ.ಮೀ., ಹಾಗಾಗಿ ಪರದೆಯ ಮೇಲಿನ ಒಂದು ಸೆಕೆಂಡ್ ನಿಮ್ಮ ಮೇಜಿನ ಮೇಲೆ 18.3 ಸೆಂ.ಮೀ. ಎರಡು ಅಡಿ ಉದ್ದದ ಶಹಾಬಾದ್ ಫರ್ಶಿ ಮೇಲೆ ಫಿಲ್ಮ್ ಹಾಸಿದರೆ ಒಂದು ಸಲಕ್ಕೆ ಮೂರು ಸೆಕೆಂಡ್ ಸಿನಿಮಾ ಕಣ್ಣಿಗೆ ಬೀಳುತ್ತದೆ. ಕೆಲಸವನ್ನು ಹಾಗೇ ಮೂರು ಮೂರು ಸೆಕೆಂಡಿನ ತುಂಡಾಗಿ ಯೋಚಿಸಿ. ಫ್ರೇಮ್ ಫ್ರೇಮ್ ಅಂತ ಕೂತರೆ ಮುಗಿಯುವುದಿಲ್ಲ.

ಇನ್ನು ಹೂಬಳ್ಳಿ. ಫ್ರೇಮಿನ ಅಗಲ ಸುಮಾರು 10 ಮಿ.ಮೀ. ಮೂರು ಮೀಟರ್ ಪರದೆಗೆ ಹಾಕಿದರೆ 300 ಪಟ್ಟು ಹಿಗ್ಗುತ್ತದೆ. ಸೂಜಿಯಿಂದ ಗೀಚಿದ 0.1 ಮಿ.ಮೀ. ಗೆರೆ ಅಲ್ಲಿ 3 ಸೆಂ.ಮೀ. ಪಟ್ಟಿ. ಒಂದು ಫ್ರೇಮಿನಿಂದ ಇನ್ನೊಂದಕ್ಕೆ ಹೂವು ಅರ್ಧ ಮಿ.ಮೀ. ಸರಿದರೆ ಪರದೆ ಮೇಲೆ 15 ಸೆಂ.ಮೀ. ಹಾರುತ್ತದೆ. ಹೂವು ಕಾಣುವುದಿಲ್ಲ, ಜೇನುಹುಳ ಎದ್ದಂತೆ ಕಾಣುತ್ತದೆ. ಅದೇ ಬೇಕು ಅಂದರೆ ಸರಿ. ಹೂವೇ ಕಾಣಬೇಕು ಅಂದರೆ ಒಂದೇ ಹೂವನ್ನು ಕನಿಷ್ಠ 8–10 ಫ್ರೇಮ್ ಅದೇ ಜಾಗದಲ್ಲಿ ಹಿಡಿಯಬೇಕು. ಅದಕ್ಕೆ ಕೆಳಗೆ ಗ್ರಾಫ್ ಹಾಳೆ, ತೂತಿಗೆ ಸಿಕ್ಕಿಸಲು ಎರಡು ಸಣ್ಣ ಮೊಳೆ ಬೇಕು.

ಬೀದರ್_ಕಲಂ
ಹೂಬಳ್ಳಿ ಬಿಡ್ರಿ ಅಂತೀನಿ ನಾನು. ಬಿದ್ರಿ ಹೂಜಿ ಮ್ಯಾಲಿನ ಹೂವು ನಿಂತಿರ್ತದ, ಕಣ್ಣು ಸುತ್ತ ತಿರಗ್ತದ. ಫಿಲ್ಮಿನ್ಯಾಗ ಅದು ಉಲ್ಟಾ. ಬಿದ್ರಿಯಿಂದ ತಗೊಳ್ಳೋದು ಇದ್ರ ಅದರ ಕೆಲಸದ ಕ್ರಮ ತಗೋಳ್ರಿ, ನಕ್ಷಿ ಅಲ್ಲ.

ಕ್ರಮ ಹ್ಯಾಂಗದ ನೋಡ್ರಿ. ಸುಮಾರು 16 ಪಾಲು ಸತುವು, ಒಂದು ಪಾಲು ತಾಮ್ರ ಕೂಡಿಸಿ ಎರಕ ಹೊಯ್ತಾರ. ಆ ಲೋಹ ಬೂದಿ-ಬಿಳಿ. ಅದರ ಮ್ಯಾಲ ಗೀಚಿದ್ದು ಕಾಣೂದಿಲ್ಲ. ಅದಕ್ಕ ಮೊದಲು ಮೈಲುತುತ್ತದ ನೀರು ಒರಸಿ ತಾತ್ಪೂರ್ತಿಕ ಕಪ್ಪು ಮಾಡ್ತಾರ. ಆಮ್ಯಾಲ ಕಲಂ ಹಿಡಿದು ಕೆತ್ತಿ, ಬೆಳ್ಳಿ ತಂತಿ ಬಡದು ಕೂಡಿಸಿ, ಅರದು ನಯ ಮಾಡಿ, ಕಡೀಕ ಕೋಟಿ ಮಣ್ಣು ಮತ್ತ ನವಸಾಗರ ಕಲಸಿ ಬಿಸಿ ಮಾಡಿ ತಿಕ್ಕಿದ್ರ ಸತುವು ಕಾಯಂ ಕಪ್ಪಾಗ್ತದ, ಬೆಳ್ಳಿ ಬಿಳೀನೇ ಉಳೀತದ. ಅಂದ್ರ ಕಪ್ಪು ಎರಡು ಸಲ ಬರ್ತದ: ಒಂದು ಕೈಗೆ ಕಾಣಲಕ್ಕ, ಇನ್ನೊಂದು ನೋಡವರಿಗೆ. ಫಿಲ್ಮಿನ್ಯಾಗ ಮಜಾ ಏನಂದ್ರ ಕಪ್ಪಾಗಿ ಕೂತಿರೋದೇ ಬೆಳ್ಳಿ. ನೀವು ಬೆಳ್ಳಿ ತಗೀತೀರಿ, ಬೆಳಕು ಬರ್ತದ.

ಒಂದು ಎಚ್ಚರಿಕಿ. ಬಿದ್ರಿ ಕಲಂ ಫಿಲ್ಮಿಗೆ ತರಬ್ಯಾಡ್ರಿ. ಅದು ಸುತ್ತಿಗಿ ಏಟಿಗೆ ಸತುವು ಕೆತ್ತೋ ಉಕ್ಕು. ಫಿಲ್ಮಿನ ತಳ ಒಂದು ಮಿಲಿಮೀಟರಿನ ಏಳನೇ ಪಾಲಷ್ಟು ದಪ್ಪ. ಆರಪಾರ ಹೋಗ್ತದ, ಪ್ರೊಜೆಕ್ಟರಿನ ಗೇಟಿನ್ಯಾಗ (ದೀಪದ ಮುಂದ ಫಿಲ್ಮ್ ಹಾಯೋ ಕಿಂಡಿ) ಹರೀತದ. ಹೊಲಿಗಿ ಸೂಜಿ, ಜಾಮಿಟ್ರಿ ಬಾಕ್ಸಿನ ಕೈವಾರದ ಮುಳ್ಳು, ದಪ್ಪ ಗೆರಿಗೆ ಚೀಲ ಹೊಲಿಯೋ ದಬ್ಬಳ, ಅಗಲಕ್ಕ ಅರ್ಧ ಬ್ಲೇಡು. ಮಂಜಿನಂಥ ಹರವು ಬೇಕಂದ್ರ 400 ನಂಬರ್ ಪಾಲಿಶ್ ಪೇಪರ್.

ಎರೆಹೊಲ_ಕಲಬುರಗಿ
ಖರೇ ಅದ. ಹೂಬಳ್ಳಿ ಕೈಬಿಟ್ಟೆ. ಆದ್ರ ಸೂಜಿ ಹಿಡದ್ರ ಗೆರಿ ಚೂರುಚೂರಾಗಿ ಏಳ್ಲಕತ್ಯಾದ, ಅಂಚು ಒಡಕು. ಯಾಕ?

ಬೀದರ್_ಕಲಂ
ಒಣಾ ಗೀಚಿದ್ರ ಹಾಂಗೇ. ಕಪ್ಪು ಇರೋದು ಜಿಲೇಟಿನ್ ಪದರಿನ್ಯಾಗ, ನಮ್ಮ ಕಡಿ ಏಪ್ರಿಲ್-ಮೇ ಒಣಹವಾಕ್ಕ ಅದು ಹಪ್ಪಳದಂಗ ಆಗಿರ್ತದ. ಸ್ಪಂಜು ನೀರಿನ್ಯಾಗ ಅದ್ದಿ ಹಿಂಡಿ, ಎಮಲ್ಶನ್ (ಆ ಜಿಲೇಟಿನ್ ಪದರು) ಇರೋ ಮೈ ಮ್ಯಾಲ ಅರ್ಧದಿಂದ ಒಂದು ನಿಮಿಷ ಇಡ್ರಿ. ಜಿಲೇಟಿನ್ ಉಬ್ಬಿ ಮೆತ್ತಗಾಗ್ತದ, ಸೂಜಿ ಹಿಂದ ಕಪ್ಪು ದಾರದಂಗ ಸುರುಳಿ ಎದ್ದು ಬರ್ತದ. ಆ ಸುರುಳಿ ಬಂತಂದ್ರ ಹದ ಆಗ್ಯಾದ ಅಂತ. ಪುಡಿ ಬಂದ್ರ ಇನ್ನೂ ಒಣಾ, ಚರ್ಮದಂಗ ಇಡೀ ಕಿತ್ತು ಬಂದ್ರ ನೀರು ಹೆಚ್ಚಾಗ್ಯಾದ, ಎರಡು ನಿಮಿಷ ಬಿಟ್ಟು ಗೀಚ್ರಿ.

ಎಮಲ್ಶನ್ ಕಡಿ ಯಾವುದಂತ ತಿಳೀಲಿಲ್ಲಂದ್ರ ಒದ್ದಿ ತುಟಿಗೆ ಫಿಲ್ಮಿನ ತುದಿ ಹಚ್ಚಿ ನೋಡ್ರಿ, ಅಂಟೋ ಮೈ ಎಮಲ್ಶನ್. ಎರಡೂ ಮೈ ಅಂಟದಿದ್ರ ಅದು ಬೆಳ್ಳಿಯ ಕಪ್ಪಲ್ಲ, ಬಣ್ಣ ಕೂಡಿಸಿದ ಪ್ಲಾಸ್ಟಿಕ್ ಲೀಡರ್. ಅದನ್ನ ಗೀಚಿದ್ರ ಬೆಳಕು ಬರೂದೇ ಇಲ್ಲ. ಗೀಚೋ ಮೊದಲು ಇದೊಂದು ನೋಡಿಕೋಳ್ರಿ.

ಸುರಪುರ_ಗೆರೆ
ಗುಜರಿ 35 ಎಂಎಂ ಕಲರ್ ಪ್ರಿಂಟ್ ಬಿಸಾಡಬೇಡಿ, ಗೀಚಲು ಕರಿ ಲೀಡರಿಗಿಂತ ಶ್ರೀಮಂತ ವಸ್ತು ಅದು. ಕಲರ್ ಪ್ರಿಂಟಿನಲ್ಲಿ ಬಣ್ಣಗಳು ಮೂರು ಪದರ: ಮೇಲೆ ಮೆಜೆಂಟಾ (ಕೆನ್ನೇರಳೆ), ನಡುವೆ ಸಯಾನ್ (ಹಸಿರು ನೀಲಿ), ತಳಕ್ಕೆ ಹತ್ತಿ ಹಳದಿ. ಕತ್ತಲ ದೃಶ್ಯದ ಕಪ್ಪು ಭಾಗ ಆರಿಸಿಕೊಂಡು ಹಗುರವಾಗಿ ಗೀಚಿದರೆ ಮೆಜೆಂಟಾ ಮಾತ್ರ ಹೋಗಿ ಹಸಿರು ಗೆರೆ ಬರುತ್ತದೆ. ಇನ್ನೊಂದು ಸಲ ಎಳೆದರೆ ಹಳದಿ. ಮೂರನೆಯ ಸಲಕ್ಕೆ ಬಿಳಿ. ಹಳೆ ಟಾಕೀಸಿನಲ್ಲಿ ಸವೆದ ಪ್ರಿಂಟ್ ಓಡುವಾಗ ಮಳೆಯಂಥ ಹಸಿರು ಗೆರೆ ಕಾಣುತ್ತಿತ್ತಲ್ಲ, ಅದರ ಕಾರಣ ಇದೇ. ಒಂದೇ ಸೂಜಿ, ಕೈಯ ಭಾರದಲ್ಲಿ ಮೂರು ಬಣ್ಣ. ಕೆಂಪು ಮಾತ್ರ ಈ ದಾರಿಯಲ್ಲಿ ಸಿಗುವುದಿಲ್ಲ, ಅದಕ್ಕೆ ಮೇಲಿನ ಪದರ ಉಳಿಯಬೇಕು.

ಬಹಳ ಹಳೆ ಪ್ರಿಂಟಾದರೆ ಸಯಾನ್ ಮಾಸಿ ಇಡೀ ಚಿತ್ರ ಕೆಂಪಡರಿರುತ್ತದೆ. ಅಂಥದ್ದರಲ್ಲಿ ಹಸಿರು ನಿರೀಕ್ಷಿಸಬೇಡಿ. ಮೂಗಿಗೆ ಸಿರ್ಕಾ ವಾಸನೆ ಹೊಡೆದರೆ ಫಿಲ್ಮಿನ ಅಸಿಟೇಟ್ ತಳ ಕೊಳೆಯುತ್ತಿದೆ ಅಂತ. ಬೇರೆ ಫಿಲ್ಮಿನ ಜೊತೆ ಒಂದೇ ಡಬ್ಬಿಯಲ್ಲಿ ಇಡಬೇಡಿ, ಆ ಆವಿ ಒಳ್ಳೆಯದನ್ನೂ ಕೆಡಿಸುತ್ತದೆ.

ಇಪ್ಪತ್ನಾಲ್ಕು_ಫ್ರೇಮ್
ಅಸಿಟೇಟೋ ಪಾಲಿಯೆಸ್ಟರೋ ನೋಡುವುದು ಸುಲಭ. ಸುತ್ತಿದ ರೀಲನ್ನು ಪಕ್ಕದಿಂದ ಬೆಳಕಿಗೆ ಹಿಡಿಯಿರಿ: ಬೆಳಕು ಹಾಯ್ದರೆ ಪಾಲಿಯೆಸ್ಟರ್, ಹಾಯದಿದ್ದರೆ ಅಸಿಟೇಟ್. ಪಾಲಿಯೆಸ್ಟರನ್ನು ಫಿಲ್ಮ್ ಸಿಮೆಂಟ್ ಅನ್ನುವ ಅಂಟಿನಿಂದ ಜೋಡಿಸಲಾಗದು, ಟೇಪೇ ಗತಿ. ಇನ್ನು ಒರೆಸಲು ನೇಲ್ ಪಾಲಿಶ್ ತೆಗೆಯುವ ದ್ರಾವಣ ಖಂಡಿತ ಬೇಡ. ಅದರಲ್ಲಿ ಅಸಿಟೋನ್ ಇದ್ದರೆ ಅಸಿಟೇಟ್ ತಳವೇ ಕರಗುತ್ತದೆ. ಐಸೊಪ್ರೊಪೈಲ್ ಆಲ್ಕೊಹಾಲ್ ಸಾಕು. ಅದೂ ಮಾರ್ಕರ್ ಬಣ್ಣ ಅಳಿಸಿಬಿಡುತ್ತದೆ, ಹಾಗಾಗಿ ಬಣ್ಣಕ್ಕೆ ಮೊದಲೇ ಒರೆಸಿ.

ಒಂದು ಮಾತು: ಪ್ರಿಂಟಿನಲ್ಲಿರುವ ಚಿತ್ರಕ್ಕೆ ಹಕ್ಕುದಾರರು ಇರುತ್ತಾರೆ. ಮುಖ ಗುರುತು ಸಿಗದ ಕತ್ತಲ ಭಾಗ, ರೀಲಿನ ತುದಿಬಾಲಗಳನ್ನೇ ಬಳಸುವುದು ಕ್ಷೇಮ. 16 ಎಂಎಂ ಪ್ರೊಜೆಕ್ಟರಿನಲ್ಲಿ 35 ಓಡುವುದಿಲ್ಲ ಅಂತ ಬೇರೆ ಹೇಳಬೇಕಿಲ್ಲ, ಅದನ್ನು ಸ್ಕ್ಯಾನ್ ಮಾಡಿಯೇ ತೋರಿಸಬೇಕು.

ಎರೆಹೊಲ_ಕಲಬುರಗಿ
ಪಾರದರ್ಶಕ ಲೀಡರ್ ಮ್ಯಾಲ ಹೋಳಿ ಬಣ್ಣ, ಅರಿಶಿಣ ನಡೀತಾವೇನು?

ಸುರಪುರ_ಗೆರೆ
ಖಾಲಿ ಪ್ಲಾಸ್ಟಿಕ್ ಆಗಿದ್ದರೆ ನೀರಿನ ಬಣ್ಣ ಕೆಸುವಿನೆಲೆ ಮೇಲಿನ ಹನಿಯಂತೆ ಉರುಳಿಹೋಗುತ್ತದೆ. ಅಲ್ಲಿ ಪರ್ಮನೆಂಟ್ ಮಾರ್ಕರ್, ಗಾಜಿನ ಬಣ್ಣ ಮಾತ್ರ, ಅದೂ ತೆಳ್ಳಗೆ. ದಪ್ಪ ಬಳಿದರೆ ಗೇಟಿನ ಒತ್ತುಪಟ್ಟಿ ಕೆರೆದು ತೆಗೆಯುತ್ತದೆ, ಹತ್ತು ಅಡಿ ಓಡುವಷ್ಟರಲ್ಲಿ ಕಿಂಡಿಯ ಅಂಚಿಗೆ ಬಣ್ಣದ ಗಡ್ಡ.

ಜಿಲೇಟಿನ್ ಉಳ್ಳ ಪಾರದರ್ಶಕ ಫಿಲ್ಮ್ ಬೇಕಿದ್ದರೆ ನಿಮ್ಮ ಪ್ರಿಂಟ್ ಸ್ಟಾಕಿನದೇ 20 ಅಡಿಯನ್ನು ಡೆವಲಪ್ ಮಾಡದೆ ನೇರ ಹೈಪೊಗೆ (ಚಿತ್ರ ಕಾಯಂ ಮಾಡುವ ದ್ರಾವಣ) ಹಾಕಿ ತೊಳೆಯಿರಿ. ಬೆಳ್ಳಿ ಹೋಗಿ ಬರಿ ಜಿಲೇಟಿನ್ ಉಳಿಯುತ್ತದೆ. ಬಟ್ಟೆ ಬಣ್ಣ, ಅಡುಗೆ ಬಣ್ಣ ಎರಡನ್ನೂ ಅದು ಹೀರಿಕೊಳ್ಳುತ್ತದೆ. ಹೋಳಿ ಪುಡಿ ಕರಗುವುದಿಲ್ಲ, ಕಣ ಹಾಗೇ ನಿಂತು ಪರದೆ ಮೇಲೆ ಕಪ್ಪು ಮರಳಾಗುತ್ತದೆ. ಕುಂಕುಮವೂ ಅಷ್ಟೇ. ಅರಿಶಿಣ ನೀರಿಗೆ ಬಿಡುವುದಿಲ್ಲ, ಸ್ಪಿರಿಟ್ಟಿನಲ್ಲಿ ನೆನೆಸಿ ಬಟ್ಟೆಯಲ್ಲಿ ಸೋಸಿ ಬಳಸಿ. ಬಳಿದ ಮೇಲೆ ವಾಷಿಂಗ್ ಸೋಡಾ ನೀರು ತಾಗಿಸಿದರೆ ಆ ಜಾಗ ಕೆಂಪಾಗುತ್ತದೆ. ಆದರೆ ಅರಿಶಿಣ ಬೆಳಕಿಗೆ ಮಾಸುವ ಬಣ್ಣ. ಪ್ರೊಜೆಕ್ಟರ್ ದೀಪದ ಮುಂದೆ ದಿನವಿಡೀ ಓಡುವ ಲೂಪಿಗೆ ಬೇಡ, ಒಂದು ಸಲ ಸ್ಕ್ಯಾನ್ ಮಾಡುವುದಕ್ಕೆ ಸರಿ.

ಸೋಡಾ_ಕಾಫಿ
ಡೆವಲಪ್ ವಿಷಯಕ್ಕೆ ಬರ್ತೀನಿ. ಮನೇಲಿ ಮಾಡೋದಾದ್ರೆ ಕೆಫೆನಾಲ್, ಅಂದ್ರೆ ಕಾಫಿಯಿಂದ ಮಾಡೋ ಡೆವಲಪರ್. ಒಂದು ಲೀಟರ್ ನೀರಿಗೆ ನೀರಿನಂಶ ಇಲ್ಲದ ವಾಷಿಂಗ್ ಸೋಡಾ 54 ಗ್ರಾಂ, ವಿಟಮಿನ್ ಸಿ 16 ಗ್ರಾಂ, ಇನ್‌ಸ್ಟಂಟ್ ಕಾಫಿ ಪುಡಿ 40 ಗ್ರಾಂ, ಇದೇ ಕ್ರಮದಲ್ಲಿ ಕರಗಿಸಬೇಕು. ಕ್ಯಾಮರಾ ಫಿಲ್ಮಿಗೆ 20 ಡಿಗ್ರಿಯಲ್ಲಿ 15 ನಿಮಿಷ ಅನ್ನೋದು ಇದರ ಮೂಲ ಲೆಕ್ಕ.

ಇಲ್ಲಿ ತಪ್ಪೋದು ಮೂರು ಕಡೆ. ಒಂದು, ಸೋಡಾ. ಕಿರಾಣಿ ಅಂಗಡೀಲಿ ಹರಳು ಹರಳಾಗಿ ಸಿಗೋದರಲ್ಲಿ ಅರ್ಧಕ್ಕಿಂತ ಹೆಚ್ಚು ನೀರೇ. ಅದಾದ್ರೆ 54 ಅಲ್ಲ, 146 ಗ್ರಾಂ ಬೇಕು. ಇಲ್ಲವೇ ಬಾಣಲೆಗೆ ಹಾಕಿ ಹುರಿದು ಬಿಳಿ ಪುಡಿ ಮಾಡ್ಕೊಳ್ಳಿ. ಅಡುಗೆ ಸೋಡಾ ಬೇರೆ ಪದಾರ್ಥ, ಅದು ಕೆಲಸ ಮಾಡಲ್ಲ. ಎರಡು, ಕಾಫಿ. ನಮ್ಮ ಕಡೆಯ ಪ್ಯಾಕೆಟ್ಟುಗಳಲ್ಲಿ ಚಿಕೋರಿ ಬೆರಕೆ ಇರುತ್ತೆ, ಹಿಂಬದಿ ಸಣ್ಣಕ್ಷರ ಓದಿ. ಚಿಕೋರಿ ಇದ್ದಷ್ಟೂ ಡೆವಲಪರ್ ಸಪ್ಪೆ. ಬೆರಕೆ ಇಲ್ಲದ ಅಗ್ಗದ ಪುಡಿಯೇ ಸಾಕು, ರುಚಿಗೆ ದುಡ್ಡು ಕೊಡಬೇಡಿ. ಮೂರು, ನೀರು. ಬೋರ್ ನೀರಿಗೆ ಸೋಡಾ ಬಿದ್ದ ಕೂಡಲೇ ಮಜ್ಜಿಗೆ ಆಗುತ್ತೆ; ಅದು ಸುಣ್ಣ. ಆ ಕಣ ಎಮಲ್ಶನ್ನಿಗೆ ಕೂತರೆ ಒರೆಸಿ ತೆಗೆಯೋಕಾಗಲ್ಲ. ಡೆವಲಪರಿಗೂ ಕೊನೇ ಜಾಲಿಸುವ ನೀರಿಗೂ ಶುದ್ಧ ಕುಡಿಯುವ ನೀರಿನ ಘಟಕದ ಒಂದು ಕ್ಯಾನ್ ತನ್ನಿ. ನಡುವಿನ ತೊಳೆತಕ್ಕೆ ಬೋರ್ ನೀರು ನಡೆಯುತ್ತೆ.

ಎರೆಹೊಲ_ಕಲಬುರಗಿ
20 ಡಿಗ್ರಿ ಇಲ್ಲಿ ಈ ಬಿಸಿಲಿನ್ಯಾಗ ಕಷ್ಟ ಅಕ್ಕಾ. ಈಗ ಏನ್ ಮಾಡ್ಲಿ?

ಸೋಡಾ_ಕಾಫಿ
20 ಹಟ ಬೇಡ, 24ಕ್ಕೆ ನಿಲ್ಲಿಸಿ. ಒಂದು ಡಿಗ್ರಿಗೆ ಸುಮಾರು ನೂರಕ್ಕೆ ಹತ್ತರಷ್ಟು ಹೊತ್ತು ಕಡಿಮೆ ಅಂತ ಹಿಡಿದರೆ 15 ನಿಮಿಷ ಇದ್ದದ್ದು 10ಕ್ಕೆ ಬರುತ್ತೆ. ಹರವಿಯಲ್ಲಿ ರಾತ್ರಿ ತುಂಬಿಟ್ಟ ನೀರು ಬೆಳಗ್ಗೆ 5 ಗಂಟೆಗೆ 25ರ ಆಸುಪಾಸು ಸಿಗುತ್ತೆ. ದೊಡ್ಡ ಬುಟ್ಟಿಯಲ್ಲಿ ಆ ನೀರು, ಅದರೊಳಗೆ ಡೆವಲಪರ್, ಹೈಪೊ, ತೊಳೆಯುವ ನೀರು ಮೂರೂ ಪಾತ್ರೆ ಇಟ್ಟು, ಪಾಲಿಥೀನಿನಲ್ಲಿ ಕಟ್ಟಿದ ಐಸ್ ಒಂದು ಗಡ್ಡೆ ಬುಟ್ಟಿ ನೀರಿಗೆ ಬಿಡಿ. ಐಸ್ ನೇರ ಡೆವಲಪರಿಗೆ ಹಾಕಬೇಡಿ, ತೆಳುವಾಗುತ್ತೆ.

ಮುಖ್ಯವಾದ್ದು ಡಿಗ್ರಿ ಎಷ್ಟು ಅನ್ನೋದಲ್ಲ, ಮೂರೂ ಪಾತ್ರೆ ಒಂದೇ ಡಿಗ್ರಿ ಇರೋದು. ಡೆವಲಪರ್ 24 ಇದ್ದು, ತೊಳೆಯೋಕೆ ಟಾಕಿ ನೀರು 36 ಬಿಟ್ಟರೆ ಜಿಲೇಟಿನ್ ಬೆದರಿ ನೆರಿಗೆಗಟ್ಟುತ್ತೆ, ಬತ್ತಿದ ಕೆರೆ ತಳದ ಬಿರುಕಿನ ಹಾಗೆ. ಕೆಲವರು ಅದನ್ನೇ ಬೇಕಂತ ಮಾಡ್ತಾರೆ. ಹಾಗಾದ್ರೆ ಎರಡು ಅಡಿ ತುಂಡಿಗೆ ಮಾಡಿ, ಇಡೀ ರೋಲಿಗೆ ಮಾಡಬೇಡಿ.

ಹೈಪೊ ಲೀಟರಿಗೆ 250 ಗ್ರಾಂ. ಫಿಲ್ಮಿನ ಹಾಲುಬಿಳುಪು ಹೋಗೋಕೆ ಎಷ್ಟು ಹೊತ್ತು ಹಿಡಿಯಿತೋ ಅದರ ದುಪ್ಪಟ್ಟು ಬಿಡಿ. ಬಳಸಿದ ಹೈಪೊದಲ್ಲಿ ಬೆಳ್ಳಿ ಕರಗಿರುತ್ತೆ, ಮೋರಿಗೆ ಚೆಲ್ಲಬೇಡಿ. ಪಾತ್ರೆ ತಿಕ್ಕುವ ಕಬ್ಬಿಣದ ಜುಂಗು ಅದರಲ್ಲಿ ಎರಡು ದಿನ ಹಾಕಿಟ್ಟರೆ ಬೆಳ್ಳಿ ಅದಕ್ಕೆ ಕೂತು ಕೆಳಗೆ ಕೆಸರಾಗಿ ಇಳಿಯುತ್ತೆ.

ಇಪ್ಪತ್ನಾಲ್ಕು_ಫ್ರೇಮ್
ಸೇರಿಸುವುದೊಂದಿದೆ. ಡೆವಲಪ್ ನಿಲ್ಲಿಸಲು ಸಿರ್ಕಾ ನೀರು ಬಳಸುವವರು ಶಹಾಬಾದ್ ಫರ್ಶಿ ಮೇಲೆ ಚೆಲ್ಲಬೇಡಿ. ಅದು ಸುಣ್ಣಕಲ್ಲು; ಸಿರ್ಕಾ ಬಿದ್ದಲ್ಲಿ ಬುರುಗೆದ್ದು ಹೊಳಪು ಹೋಗುತ್ತದೆ, ಆಮೇಲೆ ಆ ಒರಟು ಜಾಗ ಫಿಲ್ಮನ್ನು ಕೆರೆಯುತ್ತದೆ. ಬರಿ ನೀರಿನಲ್ಲಿ ಒಂದು ನಿಮಿಷ ಆಡಿಸಿದರೂ ನಡೆಯುತ್ತದೆ.

100 ಅಡಿ ಅಂದರೆ 30 ಮೀಟರ್. ದೊಡ್ಡ ಸುರುಳಿ ಟ್ಯಾಂಕ್ ಇಲ್ಲದಿದ್ದರೆ ಬಕೆಟ್ಟಿನಲ್ಲಿ ಶ್ಯಾವಿಗೆಯಂತೆ ಬಿಟ್ಟು ಕೈಯಾಡಿಸಬೇಕು. ಒಂದಕ್ಕೊಂದು ಅಂಟಿದಲ್ಲಿ ಮಚ್ಚೆ ಬೀಳುವುದು ಖಚಿತ. ಒಂದು ಸಲಕ್ಕೆ 25 ಅಡಿ ಮೀರಬೇಡಿ. ನಿಮ್ಮದು ನೀಲಿಗಷ್ಟೇ ಸ್ಪಂದಿಸುವ ಸ್ಟಾಕ್ ಆದ್ದರಿಂದ ಕೆಂಪು ದೀಪದಲ್ಲಿ ಕಣ್ಣು ಬಿಟ್ಟುಕೊಂಡೇ ಮಾಡಬಹುದು, ಕಪ್ಪಾಗುವುದನ್ನು ನೋಡಿ ನಿಲ್ಲಿಸಬಹುದು. ನಿಮಿಷದ ಲೆಕ್ಕಕ್ಕಿಂತ ಇಲ್ಲಿ ಕಣ್ಣೇ ನಂಬಿಗಸ್ತ.

ಸುರಪುರ_ಗೆರೆ
ಆ ಸ್ಟಾಕಿನ ಮೇಲೆ ನೇರ ನೆರಳಚ್ಚು ಮಾಡಿ. ತೊಗರಿ ಹೂವು, ಜೋಳದ ರವದಿ, ಬೇವಿನೆಲೆ ಹಾಸಿ ಮೇಲೆ ಗಾಜು ಒತ್ತಿ ಮೊಬೈಲ್ ಟಾರ್ಚ್ ಒಂದು ಮೀಟರ್ ಎತ್ತರದಿಂದ ಒಂದು ಕ್ಷಣ. ಮೊದಲು ಒಂದು ಗೇಣು ತುಂಡಿನಲ್ಲಿ ಅರ್ಧ, ಒಂದು, ಎರಡು, ನಾಲ್ಕು ಸೆಕೆಂಡ್ ಹೀಗೆ ರಟ್ಟು ಸರಿಸುತ್ತಾ ಪರೀಕ್ಷೆ ಮಾಡಿ. ಅಮೆರಿಕದ ಕಲಾವಿದ ಮ್ಯಾನ್ ರೇ 1923ರಲ್ಲಿ ಉಪ್ಪು, ಮೆಣಸು, ಮೊಳೆ ಚೆಲ್ಲಿ ಮಾಡಿದ್ದು ಇದನ್ನೇ.

ಎಲೆಯನ್ನೇ ಫಿಲ್ಮಾಗಿ ಓಡಿಸುವುದು ಬೇರೆ ದಾರಿ. 1963ರಲ್ಲಿ ಪ್ರಯೋಗಶೀಲ ಚಿತ್ರ ಮಾಡುತ್ತಿದ್ದ ಸ್ಟ್ಯಾನ್ ಬ್ರಾಕೇಜ್ ಪತಂಗದ ರೆಕ್ಕೆ, ಎಸಳುಗಳನ್ನು ತೂತುಳ್ಳ ಎರಡು ಪಾರದರ್ಶಕ ಟೇಪಿನ ನಡುವೆ ಅಂಟಿಸಿ, ಆಮೇಲೆ ಲ್ಯಾಬಿನಲ್ಲಿ ಪ್ರಿಂಟ್ ತೆಗೆಸಿದರು. ಅಂಟಿಸಿದ್ದನ್ನೇ ಪ್ರೊಜೆಕ್ಟರಿಗೆ ಹಾಕುವ ಧೈರ್ಯ ಬೇಡ. ಬೇವಿನೆಲೆಯ ನಡುದಂಟು ಗೇಟಿನಲ್ಲಿ ಸಿಕ್ಕಿ ಹಲ್ಲು ತೂತು ಹರಿಯುತ್ತದೆ. ಹಸಿ ಎಲೆಯಾದರೆ ಟೇಪಿನೊಳಗೇ ಬೆವರಿ ಬೂಸು ಹಿಡಿಯುತ್ತದೆ, ವಾರ ಪುಸ್ತಕದಲ್ಲಿ ಒತ್ತಿ ಒಣಗಿಸಿ.

ಬೀದರ್_ಕಲಂ
ಮಣ್ಣಾಗ ಹೂಳೋದು ಯಾರೂ ಹೇಳ್ಲಿಲ್ಲ. ಚಿತ್ರ ಇರೋ ಫಿಲ್ಮ್ ಸಡಿಲ ಸುತ್ತಿ ಗೇಣು ಆಳ ಹೂಳಿದ್ರ ಮಣ್ಣಿನ ಸೂಕ್ಷ್ಮಜೀವಿ ಜಿಲೇಟಿನ್ ತಿಂದು ಬಳ್ಳಿ ಬಳ್ಳಿ ಗುರುತು ಬಿಡ್ತಾವ. ಬ್ಯಾಸಿಗ್ಯಾಗ ಮಾಡಬ್ಯಾಡ್ರಿ, ಒಣಮಣ್ಣಿನ್ಯಾಗ ಏನೂ ಆಗೂದಿಲ್ಲ. ಎರಡು ಮಳಿ ಬಿದ್ದ ಮ್ಯಾಲ. ಕಲಬುರಗಿ ಎರಿಮಣ್ಣು ಒದ್ದಿಯಾದ್ರ ಉಬ್ತದ, ಒಣಗಿದ್ರ ಬಿರೀತದ. ಬಿರಿಯೋವಾಗ ಎಮಲ್ಶನ್ನೂ ಕೂಡೇ ಕಿತ್ತು ಬರ್ತದ. ಅದಕ್ಕ ಒದ್ದಿ ಇದ್ದಾಗೇ ತಗದು, ತಿಕ್ಕದೆ, ಬಕೆಟ್ ನೀರಿನ್ಯಾಗ ಅಲ್ಲಾಡಿಸಿ ತೊಳೀಬೇಕು. ಬೀದರಿನ ಕೆಂಪು ಜಂಬಿಟ್ಟಿಗಿ ಮಣ್ಣು ಹಾಂಗ ಹಿಡಿಯೂದಿಲ್ಲ, ಆದ್ರ ಹಳಕು ಕಣ ಗೀರು ಹಾಕ್ತಾವ. ಒಂದು ತುದಿ ಮ್ಯಾಲ ಬಿಟ್ಟಿರ್ರಿ, ಎರಡು ದಿನಕ್ಕೊಮ್ಮಿ ಒಂದು ಗೇಣು ಎಳದು ನೋಡ್ಲಿಕ್ಕ. ತಡ ಆದ್ರ ಖಾಲಿ ಪ್ಲಾಸ್ಟಿಕ್ಕೇ ಉಳೀತದ.

ಇಪ್ಪತ್ನಾಲ್ಕು_ಫ್ರೇಮ್
ತೋರಿಸುವ ಮಾತು. ಮೂಲ ಫಿಲ್ಮ್ ಓಡಿಸುವ ಮೊದಲು ಸ್ಕ್ಯಾನ್ ಮಾಡಿಟ್ಟುಕೊಳ್ಳಿ, ಒಂದೇ ಪ್ರತಿ ಇರುವುದು. ವಸ್ತುವನ್ನು ಅದರ ಗಾತ್ರದಲ್ಲೇ ಹಿಡಿಯುವ 1:1 ಮ್ಯಾಕ್ರೊ ಲೆನ್ಸ್, 24 ಮೆಗಾಪಿಕ್ಸೆಲ್ ಎಪಿಎಸ್-ಸಿ (ನಡುಗಾತ್ರದ ಸೆನ್ಸರ್) ಕ್ಯಾಮರಾ ಆದರೆ 10 ಮಿ.ಮೀ. ಫ್ರೇಮಿಗೆ ಸುಮಾರು 2600 ಪಿಕ್ಸೆಲ್ ಅಗಲ ಸಿಗುತ್ತದೆ, ಸಾಕು. 3 ಮಿ.ಮೀ. ಅಕ್ರಿಲಿಕ್ ಹಾಳೆಯಲ್ಲಿ 16.2 ಮಿ.ಮೀ. ಅಗಲದ ಕಾಲುವೆ ಕೊರೆಸಿ, ಫಿಲ್ಮ್ ಅದರಲ್ಲಿ ಸರಿಯಲಿ. ಹಿಂಬದಿ ಬೆಳಕಿಗೆ ಬ್ಯಾಟರಿ ಮೇಲೆ ನಡೆಯುವ ಎಲ್‌ಇಡಿ. ಕರೆಂಟಿನದಾದರೆ ಸೆಕೆಂಡಿಗೆ 100 ಸಲದ ಮಿಣುಕು ಪಟ್ಟಿಪಟ್ಟಿಯಾಗಿ ಬರುತ್ತದೆ. ಎಲೆಕ್ಟ್ರಾನಿಕ್ ಶಟರ್ ಬಳಸಿ, 4000 ಸಲ ಯಾಂತ್ರಿಕ ಶಟರ್ ಸವೆಸುವುದೇಕೆ.

ಗೀಚಿದ ಪುಡಿ ಗೇಟಿನಲ್ಲಿ ಕೂರುತ್ತದೆ. ಓಡಿಸುವ ಮುನ್ನ ಫಿಲ್ಮನ್ನು ಮೆತ್ತನೆ ಬಟ್ಟೆಯ ನಡುವೆ ಎರಡು ಸಲ ಎಳೆಯಿರಿ, ಪ್ರತಿ ಪ್ರದರ್ಶನದ ನಂತರ ಗೇಟಿನ ಪುಡಿಯನ್ನು ಹಲ್ಲುಜ್ಜುವ ಬ್ರಶ್ಶಿನಿಂದ ತೆಗೆಯಿರಿ. ಲೋಹದ ಚಾಕು ಹಾಕಬೇಡಿ. ಚಿತ್ರಕ್ಕೆ ಮುನ್ನ 6 ಅಡಿ ಖಾಲಿ ಲೀಡರ್ ಜೋಡಿಸಿ, ಎಳೆದು ಸಿಕ್ಕಿಸುವಾಗ ಚಿತ್ರದ ಭಾಗ ಕೆಡಬಾರದು. ಪರದೆಗೆ ಕೋರಾ ಬಟ್ಟೆ ಬೇಡ, ಬೆಳಕು ನುಂಗುತ್ತದೆ. ಸುಣ್ಣ ಬಳಿದ ಗೋಡೆ ಉತ್ತಮ. 250 ವ್ಯಾಟ್ ಹ್ಯಾಲೊಜೆನ್ ದೀಪದ ಬೆಳಕು ಬಹಳ ಇರುವುದಿಲ್ಲ, ಮೊದಲು ಲೆಕ್ಕಕ್ಕೆ ಹಿಡಿದ ಮೂರು ಮೀಟರ್ ಬೇಡ, ಎರಡು ಮೀಟರ್ ಅಗಲ ಮೀರಿಸಬೇಡಿ. ಕೋಟೆ ಗೋಡೆ, ಹಫ್ತ್ ಗುಂಬಜ್ ಮೇಲೆ ಬಿಡುವ ಆಸೆ ಇದ್ದರೆ ಪುರಾತತ್ವ ಇಲಾಖೆಯ ಅನುಮತಿ ಬೇಕು. ಅದು ಸಿಕ್ಕರೂ ಕಪ್ಪು ಕಲ್ಲಿನ ಮೇಲೆ ಈ ದೀಪಕ್ಕೆ ಏನೂ ಕಾಣುವುದಿಲ್ಲ.

ಸೋಡಾ_ಕಾಫಿ
ಡಬ್ಬಿ ಭದ್ರ ಇಡಿ. ಜಿಲೇಟಿನ್ ಅಂದ್ರೆ ಜಿರಲೆಗೆ ಊಟ.

ಎರೆಹೊಲ_ಕಲಬುರಗಿ
ಧ್ವನಿ ಬಗ್ಗೆ ಕಡೀ ಪ್ರಶ್ನೆ. ಅಂಚಿನ್ಯಾಗ ಗೀಚಿ ಸಪ್ಪಳ ತಗೀಬಹುದಂತ ಕೇಳೀನಿ.

ಇಪ್ಪತ್ನಾಲ್ಕು_ಫ್ರೇಮ್
ತೆಗೆಯಬಹುದು. ಆನಿಮೇಷನ್ ಚಿತ್ರ ಮಾಡುತ್ತಿದ್ದ ನಾರ್ಮನ್ ಮ್ಯಾಕ್‌ಲಾರೆನ್ 1940ರಷ್ಟು ಹಿಂದೆಯೇ ಚಿತ್ರವನ್ನೂ ಧ್ವನಿಯನ್ನೂ ಫಿಲ್ಮ್ ಮೇಲೇ ಬರೆದರು. ತೂತಿಲ್ಲದ ಅಂಚಿನ ಸುಮಾರು 2 ಮಿ.ಮೀ. ಪಟ್ಟಿ ಧ್ವನಿಯ ಜಾಗ. ಫ್ರೇಮಿಗೆ 10 ಅಡ್ಡಗೆರೆ ಸಮವಾಗಿ ಗೀಚಿದರೆ 240 ಹರ್ಟ್ಸ್ ಸ್ವರ, 20 ಗೀಚಿದರೆ ಒಂದು ಸ್ಥಾಯಿ ಮೇಲೆ. ಗೆರೆ ಗಿಡ್ಡವಾದರೆ ಸದ್ದು ಸಣ್ಣದು. ಧ್ವನಿ ಓದುವ ದೀಪ ಗೇಟು ದಾಟಿದ ಮೇಲೆ ಇರುವುದರಿಂದ, ಚಿತ್ರದ ಜೊತೆ ಹೊಂದಬೇಕಿದ್ದರೆ ಧ್ವನಿಯನ್ನು 26 ಫ್ರೇಮ್ ಮುಂದೆ, ಅಂದರೆ ಫಿಲ್ಮಿನ ತಲೆಯ ಕಡೆಗೆ 19.8 ಸೆಂ.ಮೀ. ಸರಿಸಿ ಗೀಚಬೇಕು. ಹಿಂದೆ ಸರಿಸಿದರೆ ಮಿಂಚು ಬಂದು ಎರಡು ಸೆಕೆಂಡಿಗೆ ಗುಡುಗು. ನಿಮ್ಮ ಲೀಡರಿಗೆ ತೂತು ಒಂದು ಕಡೆಯೋ, ಎರಡು ಕಡೆಯೋ?

ಎರೆಹೊಲ_ಕಲಬುರಗಿ
ಈಗ ನೋಡ್ದೆ. ಎರಡೂ ಕಡಿ ಅದ.

ಇಪ್ಪತ್ನಾಲ್ಕು_ಫ್ರೇಮ್
ಹಾಗಿದ್ದರೆ ಧ್ವನಿಗೆ ಜಾಗವೇ ಇಲ್ಲ. ಓಡಿಸುವಾಗ ವಾಲ್ಯೂಮ್ ಸೊನ್ನೆಗೆ ತನ್ನಿ. ಇಲ್ಲದಿದ್ದರೆ ಓದುವ ದೀಪದ ಮುಂದೆ ತೂತುಗಳೇ ಹಾಯ್ದು, ಸೆಕೆಂಡಿಗೆ 24ರಂತೆ ಪೂರ್ತಿ ಹೊತ್ತು ಗುರ್ರ್ ಅನ್ನುತ್ತಿರುತ್ತದೆ.

ಬೀದರ್_ಕಲಂ
ಅದನ್ನ ಯಾಕ ಸೊನ್ನಿ ಮಾಡ್ತೀರಿ ಸರ್? ಫ್ರೇಮಿಗೊಂದು ತೂತು, ತೂತಿಗೊಂದು ಸಪ್ಪಳ. ಗೆರಿ ಎಲ್ಲಿ ಎಷ್ಟು ಗೀಚಿದ್ರೂ ಅದಕ್ಕ ತಾಳ ತಪ್ಪೂದಿಲ್ಲ. ವಾಲ್ಯೂಮ್ ಜರಾ ಇಳಿಸಿ ಹಾಂಗೇ ಬಿಡ್ರಿ.

ಎರೆಹೊಲ_ಕಲಬುರಗಿ
ಬಿಡ್ತೀನಿ. ನಾಳಿ ಮುಂಜಾನಿ ಮೂರು ಸೆಕೆಂಡಿನ ತುಂಡು ಒಂದು ಗೀಚಿ ಓಡಿಸ್ತೀನಿ, ಗೇಟಿನ್ಯಾಗ ಎಷ್ಟು ಪುಡಿ ಕೂತದ ಅಂತ ಇಲ್ಲೇ ಹಾಕ್ತೀನಿ.